ಆಟಗಳ ಉಗ್ರಾಣ ಮತ್ತು ಅಮ್ಮನ ಮೀನು

ನನಗೆ ಬೀಡಿ, ಸಿಗರೇಟಿನ ಅಭ್ಯಾಸವಿಲ್ಲ. ಇಸ್ಪೀಟಿನ ಎಲೆ ಮುಟ್ಟಿದವನಲ್ಲ. ಕುಡಿಯುವುದೆಂದರೆ ದಿನಕ್ಕೆ ನಾಲ್ಕು ಲೋಟ ಕಾಫಿ, ಅದೂ ಸಕ್ಕರೆ ಕಡಿಮೆ. ಹೀಗೆಂದು ನೆಂಟರಿಷ್ಟರ ಮುಂದೆ ಎದೆಯುಬ್ಬಿಸಿ ಹೇಳಿಕೊಳ್ಳುವಾಗಲೆಲ್ಲ ನನ್ನ ಹೆಂಡತಿ ಸರೋಜ ಅಡುಗೆಮನೆಯಿಂದಲೇ, "ಇರೋ ಒಂದ್ ಚಟಾನೂ ಹೇಳ್ಬಿಡಿ, ಅವ್ರಿಗೂ ಗೊತ್ತಾಗ್ಲಿ" ಎಂದು ಕೂಗುತ್ತಾಳೆ. ಅವಳು ಹೇಳುವುದು ನಿಜ. ನನಗೊಂದು ಚಟವಿದೆ, ಜೋಡಿಸಿಡುವ ಚಟ. ಚೆಲ್ಲಾಪಿಲ್ಲಿಯಾಗಿ ಬಿದ್ದದ್ದು ಏನು ಕಂಡರೂ ನನ್ನ ಕೈ ತುರಿಸುತ್ತದೆ. ಮದುವೆಮನೆಗೆ ಹೋದರೆ ವಧೂವರರಿಗಿಂತ ಮೊದಲು ಬಾಗಿಲಲ್ಲಿ ಬಿಟ್ಟ ಚಪ್ಪಲಿಗಳೇ ಕಣ್ಣಿಗೆ ಬೀಳುತ್ತವೆ. ಒಮ್ಮೆ ಆರ್.ಟಿ. ನಗರದ ಒಂದು ಛತ್ರದಲ್ಲಿ ತಡೆಯಲಾರದೆ ಅಷ್ಟೂ ಚಪ್ಪಲಿಗಳನ್ನು ಗಂಡಸರವು, ಹೆಂಗಸರವು, ಮಕ್ಕಳವು ಎಂದು ಬೇರೆ ಮಾಡಿ ಸಾಲಾಗಿ ಇಟ್ಟೆ. ಊಟ ಮುಗಿಸಿ ಬಂದವರಿಗೆ ಬಿಟ್ಟ ಜಾಗದಲ್ಲಿ ಚಪ್ಪಲಿ ಕಾಣದೆ ದೊಡ್ಡ ಗಲಾಟೆಯೇ ಆಯಿತು. ಯಾರೋ ಕಳ್ಳ ನುಗ್ಗಿದ್ದಾನೆ ಎಂದರು. ನಾನು ಹಿಂದಿನ ಬಾಗಿಲಿನಿಂದ, ಬರಿಗಾಲಿನಲ್ಲಿ, ಮನೆಗೆ ಬಂದೆ.

ತಪ್ಪು ನನ್ನದಲ್ಲ, ನನ್ನ ಉದ್ಯೋಗದ್ದು. ಯಶವಂತಪುರದ ಕಡೆ ಒಂದು ಕಾರ್ಖಾನೆಯಲ್ಲಿ ನಾನು ಸ್ಟೋರ್ ಕೀಪರ್. ನಮ್ಮ ಉಗ್ರಾಣದಲ್ಲಿ ಸಾವಿರಾರು ಬಗೆಯ ಬೋಲ್ಟು, ನಟ್ಟು, ವಾಷರುಗಳಿವೆ. ಪ್ರತಿಯೊಂದಕ್ಕೂ ಒಂದು ಗೂಡು, ಗೂಡಿನ ಬಾಯಿಗೆ ಕಟ್ಟಿದ ಒಂದು ರಟ್ಟಿನ ಚೀಟಿ. ಮಾಲಿನ ಹೆಸರು, ಎಷ್ಟು ಬಂತು, ಎಷ್ಟು ಹೋಯಿತು ಎಲ್ಲ ಅದರ ಮೇಲೆ. ಅದನ್ನು ನಾವು ಬಿನ್ ಕಾರ್ಡ್ ಎನ್ನುತ್ತೇವೆ. ನನಗೆ ಈ ವಿದ್ಯೆ ಕಲಿಸಿದವರು ರಂಗಪ್ಪನವರು ಎಂಬ ಹಿರಿಯರು. ಕಿವಿಯ ಸಂದಿಯಲ್ಲಿ ಪೆನ್ಸಿಲ್ ಇಲ್ಲದೆ ಅವರನ್ನು ಕಂಡವರಿಲ್ಲ. ಸೇರಿದ ಮೊದಲ ದಿನವೇ ನನ್ನನ್ನು ನಿಲ್ಲಿಸಿಕೊಂಡು ಮೂರು ಮಾತು ಹೇಳಿದರು: "ನೋಡಪ್ಪಾ ಮುನಿರಾಜು, ಒಂದೇ ಮಾಲಿಗೆ ಎರಡು ಕಾರ್ಡ್ ಕಂಡ್ರೆ ಹಳೇದನ್ನ ಉಳಿಸು, ಹೊಸದನ್ನ ಗೀಟು ಹಾಕಿ ಹೊಡಿ. ಕಾರ್ಡ್ ಹೊಡೆದ ಮೇಲೆ ಮಾಲನ್ನೂ ಗೂಡಿನಿಂದ ಇಳಿಸು. ಇಳಿಸಿದ ಮಾಲು ಇಬ್ರ ಸಹಿ ಬೀಳೋವರೆಗೂ ಗುಜರಿ ಅಂಗಳದಲ್ಲೇ ಬಿದ್ದಿರ್ಲಿ, ಗೇಟ್ ದಾಟ್ಬಾರ್ದು." ಈ ಮೂರು ಮಾತನ್ನು ನೀವೂ ಸ್ವಲ್ಪ ನೆನಪಿನಲ್ಲಿಟ್ಟುಕೊಳ್ಳಿ. ಮುಂದೆ ಬೇಕಾಗುತ್ತವೆ.

ಇಷ್ಟು ವರ್ಷ ಸ್ಟೋರಿನಲ್ಲಿದ್ದವನು ಸಂಜೆ ಮನೆಗೆ ಬಂದರೂ ಸ್ಟೋರು ಅವನನ್ನು ಬಿಡುವುದಿಲ್ಲ. ಯಲಹಂಕದ ನಮ್ಮ ಮನೆಯ ಅಡುಗೆಮನೆಯಲ್ಲಿ ಅಮ್ಮನದೊಂದು ವ್ಯವಸ್ಥೆ ಇದೆ. ಬಿಸ್ಕತ್ತಿನ ಡಬ್ಬದಲ್ಲಿ ಸಾಸಿವೆ, ಕಾಫಿಪುಡಿ ಎಂದು ಬರೆದ ಡಬ್ಬದಲ್ಲಿ ಹುಣಸೆಹಣ್ಣು, ಸಕ್ಕರೆ ಎಂದು ಕೆತ್ತಿಸಿದ ಸ್ಟೀಲ್ ಡಬ್ಬದಲ್ಲಿ ಉಪ್ಪು, ಉಪ್ಪು ಎಂದು ಕೆತ್ತಿಸಿದ್ದರಲ್ಲಿ ಸಕ್ಕರೆ. ನಮ್ಮಜ್ಜ, ಎಂದರೆ ಅಮ್ಮನ ಮಾವ, ನೆಲದೊಳಗಿನ ಹಗೇವಿನಲ್ಲಿ ರಾಗಿ ತುಂಬಿ ಮೇಲೆ ಮಣ್ಣು ಮುಚ್ಚಿಬಿಡುತ್ತಿದ್ದನಂತೆ. ಯಾವ ಹಗೇವು ಯಾವ ವರ್ಷದ್ದು ಎಂಬುದು ಅವನ ತಲೆಯಲ್ಲಿ ಮಾತ್ರ ಇತ್ತು. ಒಂದು ದಿನವೂ ತಪ್ಪು ಕಡೆ ಅಗೆದವನಲ್ಲ. ಅಮ್ಮ ಆ ಶಾಲೆಯಲ್ಲಿ ಕಲಿತವಳು. ಇದನ್ನೆಲ್ಲ ಮರೆತು ನಾನೊಂದು ಭಾನುವಾರ ಡಬ್ಬಗಳ ಮೇಲೆ ಇರುವ ಹೆಸರಿಗೆ ಸರಿಯಾಗಿ ಒಳಗಿನ ಸಾಮಾನು ಬದಲಾಯಿಸಿ, ಹೆಸರಿಲ್ಲದವಕ್ಕೆ ಚೀಟಿ ಅಂಟಿಸಿ, ಕೈ ತೊಳೆದುಕೊಂಡು ಕುಳಿತೆ. ಅಷ್ಟರಲ್ಲಿ ಸರೋಜಳ ಅಣ್ಣ ಬಂದರು. ಅಮ್ಮ ನಡುಮನೆಯ ಟಿ.ವಿ.ಯಲ್ಲಿ ಬರುತ್ತಿದ್ದ ಧಾರಾವಾಹಿಯನ್ನು ನೋಡುತ್ತಲೇ ಅಭ್ಯಾಸದ ಕೈಯಿಂದ ಕಾಫಿ ಕಲಸಿ ಕೊಟ್ಟಳು. ಪಾಪ, ಮರ್ಯಾದಸ್ಥರು. ಉಪ್ಪಿನ ಕಾಫಿಯನ್ನು ಕೊನೆಯ ಗುಟುಕಿನವರೆಗೂ ಕುಡಿದು, "ಚೆನ್ನಾಗಿದೆ ಅತ್ತೆ" ಎಂದು ಹೇಳಿ ಎದ್ದರು. ಇಂದಿಗೂ ನಮ್ಮ ಮನೆಗೆ ಬಂದರೆ ಚಪ್ಪಲಿ ಬಿಡುವ ಮೊದಲೇ, "ಕಾಫಿ ಬೇಡ, ಒಂದ್ ಲೋಟ ಮಜ್ಜಿಗೆ ಇದ್ರೆ ಸಾಕು" ಎನ್ನುತ್ತಾರೆ. ಅಡುಗೆಮನೆಯಿಂದ ನನ್ನನ್ನು ಅಂದೇ ಗಡೀಪಾರು ಮಾಡಲಾಯಿತು.

ಹೀಗೆ ಜೋಡಿಸಲು ಏನೂ ಸಿಗದೆ ಕೈಕಟ್ಟಿ ಕುಳಿತಿದ್ದ ಕಾಲದಲ್ಲಿ ಆಟಗಳು ನನ್ನ ಬಾಳನ್ನು ಪ್ರವೇಶಿಸಿದವು.

ನನ್ನ ಮಗಳು ಚೈತ್ರ ಆಗ ಇಂಜಿನಿಯರಿಂಗ್ ಎರಡನೆಯ ವರ್ಷದಲ್ಲಿದ್ದಳು. ಓದಿಗೆಂದು ಕೊಂಡ ಕಂಪ್ಯೂಟರ್ ನಮ್ಮ ನಡುಮನೆಯ ಮೂಲೆಯಲ್ಲಿ, ದೇವರ ಗೂಡಿನ ಪಕ್ಕದಲ್ಲಿತ್ತು. ಓದಿನ ಜೊತೆಗೆ ಆಟಗಳೂ ಅದರೊಳಗೆ ಬಂದು ಸೇರಿದ್ದವು. ನಮ್ಮ ಕಾಲದ ಚೌಕಾಬಾರದಂತೆ ಈಗಿನ ಆಟಗಳಿಗೆ ಮನೆ ಬರೆಯುವುದಿಲ್ಲ, ಕವಡೆ ಬೇಕಿಲ್ಲ. ಇಂಟರ್ನೆಟ್ಟಿನಲ್ಲಿ ಆಟದ ಅಂಗಡಿಗಳಿವೆಯಂತೆ. ಒಂದೊಂದು ಅಂಗಡಿಗೂ ಒಂದೊಂದು ಬಾಗಿಲು, ಒಂದೊಂದು ಪಾಸ್‌ವರ್ಡು. ಈ ಅಂಗಡಿಯಲ್ಲಿ ಕೊಂಡದ್ದು ಆ ಅಂಗಡಿಯಲ್ಲಿ ಕಾಣುವುದಿಲ್ಲ. ಯಾವ ಆಟ ಎಲ್ಲಿದೆ ಎಂದು ಹುಡುಕಿ ಹುಡುಕಿ ರೇಗಿಹೋದ ಚೈತ್ರ ಒಂದು ದಿನ ಗೇಮ್ ಲಾಂಚರ್ ಎಂಬುದೊಂದನ್ನು ಹಾಕಿದಳು. "ಏನಮ್ಮ ಅದು?" ಎಂದೆ. "ಎಲ್ಲಾ ಅಂಗಡಿ ಆಟಾನೂ ಒಂದೇ ಕಡೆ ತಂದ್ ತೋರ್ಸುತ್ತೆ ಅಪ್ಪ. ಇಲ್ಲಿಂದಾನೇ ಒತ್ತಿದ್ರೆ ಆಯ್ತು, ಆಟ ಶುರುವಾಗುತ್ತೆ" ಎಂದಳು. ಅವಳ ಭುಜದ ಮೇಲಿಂದ ಇಣುಕಿದೆ. ಇಣುಕಿದವನು ಹಾಗೇ ನಿಂತುಬಿಟ್ಟೆ. ಸಾಲು ಸಾಲು ಗೂಡುಗಳು! ಒಂದೊಂದು ಗೂಡಿನಲ್ಲಿ ಒಂದೊಂದು ಆಟದ ಚಿತ್ರ. ಕೆಳಗೆ ಹೆಸರು, ವರ್ಗ, ಕಡೆಯ ಸಲ ಯಾವಾಗ ಆಡಿದ್ದು, ಒಟ್ಟು ಎಷ್ಟು ಹೊತ್ತು ಆಡಿದ್ದು. ರಂಗಪ್ಪನವರು ಬದುಕಿದ್ದು ಇದನ್ನು ನೋಡಿದ್ದರೆ ಕಿವಿಯ ಪೆನ್ಸಿಲ್ ತೆಗೆದು ಕೈಮುಗಿಯುತ್ತಿದ್ದರು. ಅದು ಬಿನ್ ಕಾರ್ಡುಗಳ ಸ್ವರ್ಗವಾಗಿತ್ತು.

"ಇದನ್ನ ಜೋಡ್ಸೋ ಕೆಲ್ಸ ನಂಗ್ ಬಿಡು ಮಗಳೇ" ಎಂದೆ.

"ನೀನ್ ಆಟಾನೇ ಆಡಲ್ವಲ್ಲ ಅಪ್ಪ?"

"ಸ್ಟೋರ್ ಕೀಪರ್ ಯಾವತ್ತಾದ್ರೂ ಬೋಲ್ಟ್ ತಿರುಗಿಸ್ತಾನೇನಮ್ಮ? ಇಡೋದಷ್ಟೇ ಅವನ್ ಕೆಲ್ಸ."

ಚೈತ್ರಳಿಗೆ ಪರೀಕ್ಷೆ ಹತ್ತಿರವಿತ್ತು. ಒಪ್ಪಿಬಿಟ್ಟಳು. ಅಂದಿನಿಂದ ನನ್ನ ಸಂಜೆಗಳಿಗೆ ಅರ್ಥ ಬಂತು. ಕಾರ್ಖಾನೆಯಿಂದ ಬಂದು, ಕೈಕಾಲು ತೊಳೆದು, ಹಣೆಗೆ ವಿಭೂತಿ ಇಟ್ಟುಕೊಂಡು ಕಂಪ್ಯೂಟರಿನ ಮುಂದೆ ಕುಳಿತರೆ ಊಟಕ್ಕೆ ಮೂರು ಸಲ ಕರೆಯಬೇಕು. ಮೊದಲು ವರ್ಗ ಮಾಡಿದೆ: ಓಡುವವು, ಹೊಡೆಯುವವು, ಕಟ್ಟುವವು, ತಲೆ ಉಪಯೋಗಿಸುವವು, ಏನೆಂದು ತಿಳಿಯದವು. ಕಾರು ಓಡಿಸುತ್ತಲೇ ಬಂದೂಕು ಹಾರಿಸುವ ಆಟವೊಂದಿತ್ತು. ಅದನ್ನು ಓಡುವವಕ್ಕೆ ಹಾಕುವುದೋ ಹೊಡೆಯುವವಕ್ಕೆ ಹಾಕುವುದೋ ತಿಳಿಯದೆ ಎರಡು ದಿನ ನನಗೆ ಊಟ ಸೇರಲಿಲ್ಲ. ಕಾರ್ಖಾನೆಯಲ್ಲಿ ಒಬ್ಬನು ಬಂದು ಆರು ವಾಷರ್ ಕೇಳಿದರೆ, "ನೀನೇ ಹೇಳಪ್ಪಾ, ಒಬ್ಬ ಮನುಷ್ಯ ಕಾರಿನಲ್ಲಿ ಕೂತು ಗುಂಡು ಹಾರಿಸಿದರೆ ಅವನನ್ನು ಡ್ರೈವರ್ ಅನ್ನಬೇಕೋ, ಕೊಲೆಗಾರ ಅನ್ನಬೇಕೋ?" ಎಂದು ಕೇಳಿದೆ. ಅವನು ವಾಷರ್ ಕೂಡ ಮರೆತು ಹಿಂದೆ ಹಿಂದೆ ಹೆಜ್ಜೆ ಇಡುತ್ತ ಹೊರಟುಹೋದ.

ಅಂಗಡಿಗಳಿಂದ ಬಂದ ಆಟಗಳು ತಾವಾಗಿಯೇ ಚಿತ್ರ ಸಮೇತ ಗೂಡಿಗೆ ಬಂದು ಕೂರುತ್ತಿದ್ದವು. ಆದರೆ ಹಳೆಯ ಸಿ.ಡಿ.ಯಿಂದ ಹಾಕಿಕೊಂಡ ಆಟಗಳನ್ನು ನಾವೇ ಕೈಯಾರೆ ಸೇರಿಸಬೇಕು. ಆ ಆಟವಿರುವ ಫೋಲ್ಡರಿಗೆ ಹೋಗಿ, ಯಾವ ಫೈಲನ್ನು ಒತ್ತಿದರೆ ಅದು ಶುರುವಾಗುತ್ತದೆ ಎಂದು ತೋರಿಸಿ, ಹೆಸರು ಬರೆದು, ಎಲ್ಲಿಂದಲಾದರೂ ಚಿತ್ರ ತಂದು ಅಂಟಿಸಬೇಕು. ನಾನು ಮೊದಲು ಸೇರಿಸಿದ್ದು ಚೈತ್ರ ಶಾಲೆಯಲ್ಲಿದ್ದಾಗ ಆಡುತ್ತಿದ್ದ ಕಾರಿನ ರೇಸು. ಬಹಳ ಚೆನ್ನಾಗಿರುವ ಕೆಂಪು ಕಾರಿನ ಚಿತ್ರ ಅಂಟಿಸಿ, "ಒತ್ತು ನೋಡೋಣ" ಎಂದೆ. ಅವಳು ಒತ್ತಿದಳು. "ಈ ಆಟವನ್ನು ನಿಜವಾಗಿಯೂ ತೆಗೆದುಹಾಕಬೇಕೆ?" ಎಂದು ಕಂಪ್ಯೂಟರ್ ಇಂಗ್ಲಿಷಿನಲ್ಲಿ ಕೇಳಿತು. ಚೈತ್ರ ಹಣೆ ಚಚ್ಚಿಕೊಂಡಳು. "ಅಪ್ಪಾ, ಆಟದ ಫೈಲ್ ಬಿಟ್ಟು ಆಟ ಕಿತ್ತುಹಾಕೋ ಫೈಲ್‌ಗೆ ಕಾರಿನ ಚಿತ್ರ ಅಂಟಿಸಿದೀಯ. ಹೆಸರು ಓದ್ಬಾರ್ದಾ?" ಎರಡೂ ಒಂದೇ ಫೋಲ್ಡರಿನಲ್ಲಿ ಅಕ್ಕಪಕ್ಕ ಕೂತಿದ್ದವು. ಅಣ್ಣತಮ್ಮಂದಿರಂತೆ ಇದ್ದವು. ನಾನೇನು ಮಾಡಲಿ?

ಇದರ ನಡುವೆ ಒಂದು ಅಂಗಡಿಯವರು ವಾರಕ್ಕೊಂದು ಆಟ ಪುಕ್ಕಟೆ ಕೊಡತೊಡಗಿದರು. ಪುಕ್ಕಟೆ ಸಿಕ್ಕಿದ್ದನ್ನು ಬಿಡುವುದು ನಮ್ಮ ವಂಶದಲ್ಲಿಲ್ಲ. ವಾರದ ಆ ದಿನಕ್ಕೆ ಕ್ಯಾಲೆಂಡರಿನಲ್ಲಿ ಗುರುತು ಹಾಕಿಕೊಂಡು ತಪ್ಪದೆ ತಂದಿಟ್ಟೆ. ಇನ್ನೂ ಬೇರೆ ಕಡೆ ಏನೇನು ಪುಕ್ಕಟೆ ಇದೆಯೆಂದು ಹುಡುಕಿದೆ. ಹದಿನಾಲ್ಕಿದ್ದ ಆಟಗಳು ಎರಡು ತಿಂಗಳಲ್ಲಿ ನೂರ ಹದಿನೆಂಟಾದವು. ಅವುಗಳಲ್ಲಿ ನಾನು ಆಡಿದ್ದು ಎರಡು. ಒಂದರಲ್ಲಿ ನೀರಿಗೆ ಬಿದ್ದು ಸತ್ತೆ, ಇನ್ನೊಂದರಲ್ಲಿ ಶುರುವಾಗುವುದನ್ನು ಕಾಯುತ್ತ ನಿದ್ದೆ ಹೋದೆ.

ಇನ್ನು ಅಮ್ಮನ ಮೀನಿನ ವಿಷಯಕ್ಕೆ ಬರುತ್ತೇನೆ. ನಮ್ಮಮ್ಮ ತಾಯಮ್ಮ ತಣಿಸಂದ್ರದವಳು. ಅದು ಊರಾಗಿದ್ದ ಕಾಲದವಳು, ಬಡಾವಣೆಯಾದ ಮೇಲಿನವಳಲ್ಲ. ವಯಸ್ಸು ಎಪ್ಪತ್ತು ದಾಟಿದೆ. ಇಂಗ್ಲಿಷ್ ಬಾರದು, ಕನ್ನಡವನ್ನೂ ಕೂಡಿಸಿ ಕೂಡಿಸಿ ಓದುತ್ತಾಳೆ. ಕಂಪ್ಯೂಟರಿನಲ್ಲಿ ಮೀನು ಸಾಕುವ ಒಂದು ಸಣ್ಣ ಆಟವಿತ್ತು. ಗಾಜಿನ ತೊಟ್ಟಿ, ಅದರೊಳಗೆ ಮೀನು. ದಿನವೂ ಮೇವು ಹಾಕಬೇಕು. ಕಂಪ್ಯೂಟರ್ ಆರಿಸಿಟ್ಟರೂ ಅವುಗಳಿಗೆ ಹಸಿವಾಗುತ್ತಲೇ ಇರುತ್ತದೆ. ಎರಡು ದಿನ ಮೇವು ಬೀಳದಿದ್ದರೆ ಸತ್ತು ತೇಲುತ್ತವೆ. ಇದನ್ನು ಮೊದಲು ಆಡಿದವಳು ಸರೋಜ. ಐದು ಮೀನು ಬಿಟ್ಟು, ಒಂದು ವಾರ ಸಾಕಿ, ತವರಿಗೆ ಹೋದಳು. ಬರುವಷ್ಟರಲ್ಲಿ ಐದೂ ಹೊಟ್ಟೆ ಮೇಲು ಮಾಡಿದ್ದವು. ಅಷ್ಟಕ್ಕೆ ಅವಳು ಬಿಟ್ಟಳು. ಅಮ್ಮನಿಗೆ ಆಸೆಯಾಯಿತು, ಆದರೆ ಆ ತೊಟ್ಟಿಯನ್ನು ಕಂಡು ಮುಖ ಸಿಂಡರಿಸಿದಳು. "ಜೀವ ವೋಗಿರೋ ತೊಟ್ಟೀಲಿ ನಾನು ಮೀನ್ ಬುಡಾಕಿಲ್ಲ. ಸೂತ್ಕ. ಬ್ಯಾರೆ ತೊಟ್ಟಿ ತತ್ತಾ" ಎಂದಳು. ಚೈತ್ರ ಅಜ್ಜಿಗಾಗಿ ಅದೇ ಆಟವನ್ನು ಇನ್ನೊಂದು ಫೋಲ್ಡರಿನಲ್ಲಿ ಹೊಸದಾಗಿ ಹಾಕಿಕೊಟ್ಟಳು. ಅಮ್ಮ ಅರಿಸಿನ ಕುಂಕುಮದ ಬೆರಳನ್ನು ಪರದೆಗೆ ಮುಟ್ಟಿಸಿ ಮೀನು ಬಿಟ್ಟಳು.

ಆಗಿನಿಂದ ಬೆಳಗಿನ ಕಾಫಿಯಾದ ಕೂಡಲೇ ಅಮ್ಮನ ಮೊದಲ ಕೆಲಸ ಮೀನಿಗೆ ಮೇವು. ಮೂರು ಮೀನು ಹನ್ನೊಂದಾದವು. ಎಲ್ಲಕ್ಕೂ ಹೆಸರಿಟ್ಟಳು. ಜಗಳಗಂಟ ಪಟ್ಟೆ ಮೀನು ಸಿದ್ದಣ್ಣ, ಸದಾ ಮೂಲೆಯಲ್ಲಿರುವುದು ಕುಳ್ಳಿ ಪುಟ್ಟಿ, ಎಲ್ಲಕ್ಕಿಂತ ದೊಡ್ಡದಾಗಿ ಚಿನ್ನದ ಬಣ್ಣಕ್ಕಿರುವುದು ದೊಡ್ಡಕ್ಕ. ದೊಡ್ಡಕ್ಕ ಎಂದರೆ ಅಮ್ಮನ ಸ್ವಂತ ಅಕ್ಕ. ತಾಯಿಯಿಲ್ಲದ ಅಮ್ಮನನ್ನು ಸೊಂಟದ ಮೇಲೆ ಹೊತ್ತು ಬೆಳೆಸಿದವಳು, ತೀರಿಕೊಂಡು ಬಹಳ ವರ್ಷವಾಯಿತು. "ಉಂಡ್ಯಾ ಅಕ್ಕಾ? ಇನ್ನೊಸಿ ಹಾಕ್ಲಾ?" ಎಂದು ಅಮ್ಮ ಪರದೆಯೊಂದಿಗೆ ಮಾತಾಡುತ್ತಿದ್ದರೆ ನಾವು ಯಾರೂ ನಗುತ್ತಿರಲಿಲ್ಲ. ಮೀನು ಬಂದ ಮೇಲೆ ಮನೆಯ ರೀತಿ ನೀತಿಗಳೇ ಬದಲಾದವು. ಪುಟ್ಟೇನಹಳ್ಳಿ ಕೆರೆಯ ಕಡೆ ವಾಕಿಂಗ್ ಹೋದರೆ ಮೊದಲು ಹಕ್ಕಿಗಳನ್ನು ಕಂಡು ಹಿಗ್ಗುತ್ತಿದ್ದವಳು ಈಗ ನೀರಿಗೆ ಕೊಕ್ಕು ಹಾಕುವ ಬೆಳ್ಳಕ್ಕಿಗೆ, "ನಿನ್ ಕೊಕ್ಕು ಸೇದೋಗ!" ಎಂದು ಶಾಪ ಹಾಕತೊಡಗಿದಳು. ಎಲ್ಲಕ್ಕಿಂತ ದೊಡ್ಡ ಪೆಟ್ಟು ಬಿದ್ದದ್ದು ನನಗೆ. "ಒಂದ್ ಕೈಲಿ ಮೇವಾಕಿ ಇನ್ನೊಂದ್ ಕೈಲಿ ಉಣ್ಣಾದಾ?" ಎಂದು ಮನೆಯಲ್ಲಿ ಮೀನು ಸಾರನ್ನೇ ನಿಲ್ಲಿಸಿಬಿಟ್ಟಳು. ಅಮ್ಮನ ಕೈಯ ಮೀನು ಸಾರು ಉಂಡವರಿಗೆ ಮಾತ್ರ ನನ್ನ ನೋವು ತಿಳಿದೀತು.

ಒಂದು ಭಾನುವಾರ ಮಧ್ಯಾಹ್ನ ನಾನು ಎಂದಿನಂತೆ ಆಟಗಳ ದಾಸ್ತಾನು ಪರೀಕ್ಷೆ ಮಾಡುತ್ತಿದ್ದೆ. ಅ, ಆ, ಇ ಎಂದು ಬರುವ ಹಾಗೆ ಹೆಸರಿನ ಪ್ರಕಾರ ಸಾಲು ಮಾಡಿದೆ. ಮೀನಿನ ಚಿತ್ರ ಅಕ್ಕಪಕ್ಕ ಎರಡು ಬಂತು. ಒಂದೇ ಹೆಸರು, ಒಂದೇ ಚಿತ್ರ, ಎರಡು ಗೂಡು. ಓದುಗರೇ, ಈಗ ರಂಗಪ್ಪನವರ ಮೊದಲ ಮಾತು ನೆನಪಿಸಿಕೊಳ್ಳಿ. ನನ್ನ ಮೈಯಲ್ಲಿ ಸ್ಟೋರ್ ಕೀಪರನ ರಕ್ತ ಕುದಿಯಿತು. ಒಂದು ಮಾಲಿಗೆ ಎರಡು ಕಾರ್ಡೇ! ನಮ್ಮ ಮನೆಯಲ್ಲೇ! ಯಾವುದು ಹಳೆಯದೆಂದು ನೋಡಿ ಅದನ್ನು ಉಳಿಸಿದೆ, ಹೊಸದನ್ನು ಹೊಡೆದೆ. "ಪಟ್ಟಿಯಿಂದ ಮಾತ್ರ ತೆಗೆಯಲೋ, ಕಂಪ್ಯೂಟರಿನಿಂದಲೇ ತೆಗೆಯಲೋ?" ಎಂದು ಲಾಂಚರ್ ಕೇಳಿತು. ಪಾಪ, ಅದು ಒಂದು ಅವಕಾಶ ಕೊಟ್ಟಿತ್ತು. ಕಾರ್ಡ್ ಹೊಡೆದ ಮೇಲೆ ಮಾಲು ಗೂಡಿನಲ್ಲಿ ಉಳಿಯುವುದುಂಟೇ? ನಾನು ಎರಡನೆಯದನ್ನೇ ಒತ್ತಿ, ಮೈಮುರಿದು, ಮಲಗಲು ಹೋದೆ. ಎರಡು ಗೂಡಿನ ಹಿಂದೆ ಎರಡು ತೊಟ್ಟಿಗಳಿವೆ, ಒಂದರಲ್ಲಿ ದೊಡ್ಡಕ್ಕ ಈಜುತ್ತಿದ್ದಾಳೆ ಎಂಬುದು ನನ್ನ ತಲೆಗೆ ಹೊಳೆಯಲೇ ಇಲ್ಲ.

ಸೋಮವಾರ ಬೆಳಿಗ್ಗೆ ಬೆಲ್ಟು ಹಾಕಿಕೊಳ್ಳುತ್ತಿದ್ದೆ. ಚೈತ್ರ ಆಗಲೇ ಕಾಲೇಜಿಗೆ ಹೋಗಿಯಾಗಿತ್ತು. ನಡುಮನೆಯಿಂದ ಅಮ್ಮನ ಕೂಗು ಬಂತು: "ಅಯ್ಯಯ್ಯೋ! ಮುನಿಯಾ! ಬಾರ್ಲಾ ಇಲ್ಲಿ!"

ಓಡಿಹೋದೆ. ಪರದೆಯ ಮೇಲೆ ಪಾಚಿಗಟ್ಟಿದ ತೊಟ್ಟಿ. ಮೀನುಗಳು ಹೊಟ್ಟೆ ಮೇಲು ಮಾಡಿಕೊಂಡು ತೇಲುತ್ತಿದ್ದವು. ಒಂದೇ ಕ್ಷಣದಲ್ಲಿ ನನಗೆ ಎಲ್ಲ ತಿಳಿಯಿತು. ಉಳಿದಿದ್ದು ಸರೋಜಳ ಹಾಳು ತೊಟ್ಟಿ. ನಾನು ಹೊಡೆದು ಹಾಕಿದ್ದು ಅಮ್ಮನದು.

"ಎಂಗ್ಲಾ ಇಂಗಾಯ್ತು? ನಿನ್ನೆ ಬೆಳಿಗ್ಗೆ ಮೇವಾಕಿವ್ನಿ" ಎಂದಳು ಅಮ್ಮ.

ಆಗ ನಾನು ನಿಜ ಹೇಳಬೇಕಿತ್ತು. ಬಾಯಿಗೆ ಬಂದದ್ದು ಬೇರೆ. "ರಾತ್ರಿ ಕರೆಂಟ್ ಹೋಗಿತ್ತಲ್ಲಮ್ಮ, ನೀರಿಗೆ ಗಾಳಿ ಆಡ್ಲಿಲ್ಲ ಅಂತ ಕಾಣುತ್ತೆ" ಎಂದೆ. ಅಮ್ಮ ನನ್ನನ್ನೊಮ್ಮೆ ನೋಡಿದಳು. ಎದ್ದು ಬಚ್ಚಲಿಗೆ ಹೋದಳು. ತಣ್ಣೀರು ಹುಯ್ದುಕೊಳ್ಳುವ ಸದ್ದು ಕೇಳಿಸಿತು. ಸಾವು ಕಂಡ ಮನೆಯವರಂತೆ ತಲೆಗೆ ನೀರು ಹಾಕಿಕೊಂಡು, ಒದ್ದೆ ಕೂದಲು ಬಿಟ್ಟುಕೊಂಡು ಜಗಲಿಯ ಮೇಲೆ ಬಂದು ಕುಳಿತಳು. ಸರೋಜ ಇಡ್ಲಿ ತಂದಿಟ್ಟರೆ, "ನಂಗ್ ಬ್ಯಾಡ ಕಣವ್ವ" ಎಂದು ತಟ್ಟೆ ಸರಿಸಿದಳು. ಇಂಥ ಹೊತ್ತಿನಲ್ಲೂ ನನ್ನ ಮನಸ್ಸಿನ ಯಾವುದೋ ನೀಚ ಮೂಲೆಯಲ್ಲಿ, ಇನ್ನು ಮೀನು ಸಾರು ಮತ್ತೆ ಶುರುವಾಗಬಹುದೇನೋ ಎಂಬ ಯೋಚನೆ ಸುಳಿದುಹೋಯಿತು ಎಂಬುದನ್ನು ನಿಮ್ಮಲ್ಲಿ ಮಾತ್ರ ಹೇಳಿಕೊಳ್ಳುತ್ತಿದ್ದೇನೆ. ಸರೋಜಳಿಗೆ ಹೇಳಬೇಡಿ.

ಬಸ್ಸು ಹೆಬ್ಬಾಳದ ಮೇಲ್ಸೇತುವೆಯ ಹತ್ತಿರ ಎಂದಿನಂತೆ ನಿಂತುಕೊಂಡಿತು. ಬೇರೆ ದಿನವಾದರೆ ಅಲ್ಲಿ ಸಿಕ್ಕಿಕೊಂಡ ಕಾರುಗಳನ್ನು ಬಣ್ಣದ ಪ್ರಕಾರ ಮನಸ್ಸಿನಲ್ಲೇ ಬೇರ್ಪಡಿಸುತ್ತ ಕಾಲ ಕಳೆಯುತ್ತಿದ್ದೆ. ಅಂದು ಎಲ್ಲ ಕಾರೂ ಮೀನಿನಂತೆಯೇ ಕಂಡವು. ಚಿನ್ನದ ಬಣ್ಣದ್ದೊಂದು ಪಕ್ಕದಲ್ಲೇ ಬಂದು ನಿಂತಾಗ ಕಣ್ಣು ಬೇರೆ ಕಡೆ ತಿರುಗಿಸಿದೆ. ಅಮ್ಮ ತನ್ನ ಅಕ್ಕನನ್ನು ಒಮ್ಮೆ ಕಳೆದುಕೊಂಡಿದ್ದಳು. ಈಗ ನನ್ನ ಕೈಯಿಂದ ಎರಡನೆಯ ಸಲ.

ಕಾರ್ಖಾನೆಯಲ್ಲಿ ನನ್ನ ಪಕ್ಕದ ಮೇಜಿನವರು ಪಾಟೀಲರು, ಗದಗದ ಕಡೆಯವರು. ನಮ್ಮ ಸ್ಟೋರಿಗೆ ಕಂಪ್ಯೂಟರ್ ಬಂದಾಗ ಮೊದಲು ಕಲಿತವರು ಅವರೇ. "ಯಾಕ್ರೀ ಮುನಿರಾಜಣ್ಣಾರ, ಮಾರಿ ಇಷ್ಟ್ಯಾಕ ಸಣ್ಣ ಮಾಡೀರಿ? ಆಡಿಟ್ ಬಂತೇನು?" ಎಂದರು. ಎಲ್ಲವನ್ನೂ ಹೇಳಿದೆ. ನಗುತ್ತಾರೆಂದುಕೊಂಡಿದ್ದೆ, ನಗಲಿಲ್ಲ. ಗಂಭೀರವಾಗಿ ಕೇಳಿದರು: "ಕಾರ್ಡ್ ಹೊಡದ್ರಿ, ಮಾಲ್ ಇಳಿಸಿದ್ರಿ. ಖರೆ. ಗುಜರಿ ಅಂಗಳ ಖಾಲಿ ಮಾಡೀರೇನು?"

"ಯಾವ ಗುಜರಿ ಅಂಗಳ?"

"ಕಂಪ್ಯೂಟರಿನ್ಯಾಗ ಒಂದು ಕಸದ ಬುಟ್ಟಿ ಚಿತ್ರ ಇರ್ತದಲ್ರೀ ಮಾರಾಯ್ರ! ತಗದದ್ದೆಲ್ಲ ಮೊದ್ಲ ಅದ್ರಾಗ ಹೋಗಿ ಬೀಳ್ತದ. ಅದನ್ನ ನೀವು ಖಾಲಿ ಮಾಡಿರದಿದ್ರ, ನಿಮ್ ಮೀನ ಇನ್ನೂ ಗೇಟ್ ದಾಟಿಲ್ಲ."

ಕುರ್ಚಿಯಿಂದ ಎದ್ದು ನಿಂತೆ. ಆ ಬುಟ್ಟಿಯನ್ನು ನಾನು ಒಂದು ದಿನವೂ ಖಾಲಿ ಮಾಡಿದವನಲ್ಲ. ಅದು ತುಂಬಿ ತುಳುಕುತ್ತಿದೆ ಎಂದು ಚೈತ್ರ ಬೈದಾಗಲೆಲ್ಲ, "ಇಬ್ರ ಸಹಿ ಇಲ್ದೆ ಮಾಲು ಆಚೆ ಹೋಗಲ್ಲ" ಎಂದು ಹಟ ಹಿಡಿದವನು ನಾನು. ರಂಗಪ್ಪನವರ ಎರಡು ಮಾತು ನನ್ನನ್ನು ಮುಳುಗಿಸಿದ್ದವು, ಮೂರನೆಯದು ಕೈ ಚಾಚಿತ್ತು. ಮನೆಗೆ ಫೋನ್ ಮಾಡಿ, "ಅಮ್ಮ ಏನಾದ್ರೂ ತಿಂದ್ಲಾ?" ಎಂದೆ. "ಇನ್ನೂ ಜಗಲಿ ಮೇಲೇ ಕೂತವ್ರೆ. ನಾನೇನ್ ಮಾಡ್ಲಿ?" ಎಂದಳು ಸರೋಜ. ಆ ಧ್ವನಿಯಲ್ಲಿ ಏನೋ ಇತ್ತು. ಅಳು ತಡೆದುಕೊಳ್ಳುತ್ತಿದ್ದಾಳೆ ಎಂದುಕೊಂಡೆ. ಪರ್ಮಿಷನ್ ಬರೆದುಕೊಟ್ಟು ಹೊರಟೆ.

ಮೂರು ಗಂಟೆಗೆ ಮನೆ ಮುಟ್ಟಿದಾಗ ಅಮ್ಮ ಜಗಲಿಯ ಮೇಲೆ ಅವರೆಕಾಯಿ ಸುಲಿಯುತ್ತ ಕುಳಿತಿದ್ದಳು. ನನ್ನ ಮುಖ ನೋಡಲಿಲ್ಲ. ನೇರವಾಗಿ ಕಂಪ್ಯೂಟರಿನ ಮುಂದೆ ಕುಳಿತು ಬುಟ್ಟಿ ತೆರೆದೆ. ಎಷ್ಟೋ ತಿಂಗಳ ಗುಜರಿ. ಮದುವೆ ಕರೆಯೋಲೆಗಳು, ಮಸುಕಾದ ಫೋಟೊಗಳು, ಚೈತ್ರಳ ಹಳೆಯ ಪಾಠಗಳು. ಹುಡುಕಿ ಹುಡುಕಿ ಕೊನೆಗೆ ಮೀನಿನ ಫೋಲ್ಡರ್ ಸಿಕ್ಕಿತು. ಇದ್ದಲ್ಲಿಗೆ ವಾಪಸು ಕಳಿಸಿದೆ. ಆದರೆ ಲಾಂಚರಿನಲ್ಲಿ ಅದರ ಗೂಡು ಹೋಗಿತ್ತು. ಕೈಯಾರೆ ಮತ್ತೆ ಸೇರಿಸಬೇಕಿತ್ತು. ಫೋಲ್ಡರ್ ತೆರೆದರೆ ಒಳಗೆ ಮತ್ತೆ ಅದೇ ಅಣ್ಣತಮ್ಮಂದಿರು: ಆಟದ ಫೈಲ್ ಒಂದು, ಆಟ ಕಿತ್ತುಹಾಕುವ ಫೈಲ್ ಒಂದು. ಈ ಸಲ ತಪ್ಪಿದರೆ ದೊಡ್ಡಕ್ಕನಿಗೆ ಮೂರನೆಯ ಸಾವು. ಕನ್ನಡಕ ಒರೆಸಿಕೊಂಡು ಒಂದೊಂದೇ ಅಕ್ಷರ ಓದುತ್ತಿದ್ದೆ. ಬೆನ್ನ ಹಿಂದೆ ಅಮ್ಮ ಬಂದು ನಿಂತದ್ದು ತಿಳಿಯಿತು. ಇನ್ನು ತಡೆದುಕೊಳ್ಳಲಾಗಲಿಲ್ಲ.

"ಅಮ್ಮಾ, ಕರೆಂಟ್ ಹೋಗಿರ್ಲಿಲ್ಲ. ನಿನ್ ತೊಟ್ಟೀನ ನಾನೇ ಕಿತ್ತುಹಾಕಿದ್ದೆ."

"ಗೊತ್ತು ಬುಡು" ಎಂದಳು ಅಮ್ಮ. "ಕರೆಂಟ್ ವೋಗಿದ್ರೆ ರಾತ್ರಿಯೆಲ್ಲಾ ಫ್ಯಾನ್ ಎಂಗ್ಲಾ ತಿರುಗ್ತಿತ್ತು? ಮೊದ್ಲು ಅದುನ್ನ ಒತ್ತು."

ಒತ್ತಿದೆ. ಪರದೆ ಒಂದು ಗಳಿಗೆ ಕಪ್ಪಾಯಿತು. ಆಮೇಲೆ ನೀಲಿ ನೀರು ತುಂಬಿಕೊಂಡಿತು. ಮೂಲೆಯಿಂದ ಪುಟ್ಟಿ ಬಂದಳು, ಅವಳನ್ನು ತಳ್ಳಿಕೊಂಡು ಸಿದ್ದಣ್ಣ ಬಂದ. ಎಲ್ಲರಿಗಿಂತ ಕೊನೆಯಲ್ಲಿ, ಯಾವ ಅವಸರವೂ ಇಲ್ಲದೆ, ಬಾಲ ಬಳುಕಿಸುತ್ತ ದೊಡ್ಡಕ್ಕ. ಅಮ್ಮ ಬೆರಳು ಇಟ್ಟು ಎಣಿಸಿದಳು. ಹನ್ನೊಂದೂ ಇದ್ದವು. ಮೌಸು ನನ್ನ ಕೈಯಿಂದ ಕಿತ್ತುಕೊಂಡು ಮೇವು ಹಾಕಿದಳು. "ಅಸ್ಕಂಡಿದ್ಯಾ ಅಕ್ಕಾ? ನನ್ ಮಗ ಇಂಗೇ, ವಸಿ ತಿಕ್ಲು. ಮನ್ಸಿಗ್ ಇಕ್ಕಬ್ಯಾಡ" ಎಂದು ದೊಡ್ಡಕ್ಕನಿಗೆ ನನ್ನ ಪರವಾಗಿ ಕ್ಷಮೆ ಕೇಳಿದಳು.

"ಅಲ್ಲಮ್ಮಾ, ಗೊತ್ತಿದ್ರೆ ಬೆಳಿಗ್ಗೇನೇ ಯಾಕ್ ಹೇಳ್ಲಿಲ್ಲ?" ಎಂದೆ.

"ಸತ್ ತೇಲ್ತಿದ್ದೋವು ಐದು, ನನ್ನೋವು ಅನ್ನೊಂದು. ನನ್ ಮೀನು ನಂಗ್ ಗುರ್ತ್ ಸಿಕ್ಕಾಕಿಲ್ವಾ? ಸರೋಜನ ತೊಟ್ಟಿ ತಂದ್ ಮುಂದಿಟ್ಟವ್ನೆ, ನನ್ನುನ್ನ ಎಲ್ಲೋ ಮಡಗಿ ಮರ್ತವ್ನೆ ಅಂತ ಆಗ್ಲೇ ಗೊತ್ತಾಯ್ತು."

"ಮತ್ತೆ ತಲೆಗ್ ನೀರ್ ಯಾಕ್ ಹಾಕ್ಕೊಂಡೆ?"

"ಸತ್ತೋವು ಯಾರ್ದಾದ್ರೇನ್ಲಾ? ಕಣ್ಣಾರೆ ಕಂಡ್ಮ್ಯಾಲೆ ನೀರುಯ್ಕಳದ್ ಬ್ಯಾಡ್ವಾ?"

"ಹೋಗ್ಲಿ, ಬೆಳಿಗ್ಗೆಯಿಂದ ಉಪವಾಸ ಯಾಕಿದ್ದೆ?"

ಅಷ್ಟರಲ್ಲಿ ಅಡುಗೆಮನೆಯಿಂದ ಸರೋಜಳ ನಗು ಕೇಳಿಸಿತು. "ನೀವ್ ಬಸ್ ಸ್ಟಾಪ್ ಮುಟ್ಟೋಕ್ ಮೊದ್ಲೇ ಅತ್ತೆ ನಾಲ್ಕ್ ಇಡ್ಲಿ ತಿಂದ್ರು ಕಣ್ರೀ. ಮಧ್ಯಾಹ್ನ ಮುದ್ದೆ, ಬಸ್ಸಾರು."

ಅಮ್ಮ ಸ್ವಲ್ಪವೂ ನಾಚದೆ ಹೇಳಿದಳು: "ಡಬ್ಬಕ್ಕೆ ಚೀಟಿ ಅಂಟ್ಸಿದ್ಯಲ್ಲ, ಆವಾಗ ಸಾಸ್ವೆ ಎಲ್ ಮಡಗಿದ್ಯೋ ಉಡುಕ್ಕೊಡಕ್ಕೆ ಎರಡ್ ದಿನ ಮಾಡ್ದೆ. ಉಪಾಸ ಅಂದಿಲ್ದಿದ್ರೆ ಇವತ್ತು ಮೂರ್ ಗಂಟ್ಗೆ ಬತ್ತಿದ್ಯಾ? ನನ್ ಮೀನ್ಗೆ ಎರಡ್ ದಿನ ತಾಳಾ ಶಕ್ತಿ ಇಲ್ಲ ಕಣಪ್ಪ."

ಸಂಜೆ ಚೈತ್ರ ಬಂದಳು. ಹೆಂಗಸರು ಮೂವರೂ ಕಂಪ್ಯೂಟರಿನ ಸುತ್ತ ಕುಳಿತು ನನ್ನ ಎರಡು ತಿಂಗಳ ವರ್ಗೀಕರಣವನ್ನು ಹದಿನೈದು ನಿಮಿಷದಲ್ಲಿ ಅಳಿಸಿಹಾಕಿದರು. ನಾನು ಅವರೆಕಾಳು ಹಿಸುಕುವ ಶಿಕ್ಷೆ ಅನುಭವಿಸುತ್ತ ದೂರದಿಂದ ನೋಡುತ್ತಿದ್ದೆ. ಮೊದಲು, ಅಮ್ಮನ ಅಪ್ಪಣೆಯಂತೆ, ಸರೋಜಳ ಸೂತಕದ ತೊಟ್ಟಿಯನ್ನು ಮನೆಯಿಂದಾಚೆ ಹಾಕಲಾಯಿತು. ಆಮೇಲೆ ವರ್ಗಗಳು. ಓಡುವವು, ಹೊಡೆಯುವವು ಎಲ್ಲ ಹೋಗಿ, ಅಜ್ಜೀದು, ಅಮ್ಮಂದು, ಚೈತ್ರಂದು ಎಂದು ಮೂರು ಸಾಲು ಬಂದವು. ಅಮ್ಮನ ಮೀನಿನ ಆಟದ ಚಿತ್ರ ತೆಗೆದು ಅಲ್ಲಿ ಅಮ್ಮನದೇ ಫೋಟೊ ಅಂಟಿಸಿದರು, ಇನ್ನೆಂದೂ ಯಾರಿಗೂ ಅನುಮಾನ ಬರದಿರಲಿ ಎಂದು. ಕಾರಿನಲ್ಲಿ ಕೂತು ಗುಂಡು ಹಾರಿಸುವವನು ಯಾವ ಚರ್ಚೆಯೂ ಇಲ್ಲದೆ ಚೈತ್ರಳ ಸಾಲಿಗೆ ಹೋದ. ಉಳಿದ ತೊಂಬತ್ತೇಳು ಆಟಗಳನ್ನು ಒಟ್ಟಿಗೆ ಗುಡ್ಡೆ ಹಾಕಿ, "ಸುಮ್ನೆ ತಂದಿಟ್ಟಿದ್ದು" ಎಂದು ಹೆಸರು ಕೊಟ್ಟರು. ನನಗೆ ಕಣ್ಣಲ್ಲಿ ನೀರು ಬಂತು. ಅವರೆಕಾಯಿಯ ಸೊನೆ ಕಣ್ಣಿಗೆ ಹಾರಿತು ಎಂದೆ.

"ನಂದು ಒಂದ್ ಸಾಲೂ ಇಲ್ವಾ?" ಎಂದು ಕೇಳಿದೆ.

"ಇದೆಯಲ್ಲ ಅಪ್ಪ, ಬಾ ನೋಡು" ಎಂದಳು ಚೈತ್ರ.

ಎಲ್ಲಕ್ಕಿಂತ ಕೆಳಗೆ "ಅಪ್ಪಂದು" ಎಂಬ ಸಾಲು. ಅದರಲ್ಲಿ ಒಂದೇ ಒಂದು ಗೂಡು. ಗೂಡಿನಲ್ಲಿ ನನ್ನ ಫೋಟೊ. ಕಾರ್ಖಾನೆಯ ಸಮವಸ್ತ್ರದಲ್ಲಿ, ಕಿವಿಯ ಸಂದಿಯಲ್ಲಿ ಪೆನ್ಸಿಲ್ ಇಟ್ಟುಕೊಂಡು ನಿಂತದ್ದು. ಯಾವ ಆಟ ಎಂದು ಕೆಳಗಿನ ಹೆಸರು ಓದಿದೆ. ಅದು ಆ ಲಾಂಚರಿನ ಹೆಸರೇ ಆಗಿತ್ತು! ಆಟಗಳನ್ನು ಜೋಡಿಸಿಡುವ ಆ ಕಪಾಟನ್ನೇ ಚೈತ್ರ ಒಂದು ಆಟವೆಂದು ಅದೇ ಕಪಾಟಿನಲ್ಲಿ ಸೇರಿಸಿದ್ದಳು. ಈಗಲ್ಲ, ಮೊದಲ ದಿನವೇ ಸೇರಿಸಿ, ನನ್ನ ಕಣ್ಣಿಗೆ ಕಾಣದಂತೆ ಬಚ್ಚಿಟ್ಟಿದ್ದಳಂತೆ. ನಾನು ಅದರ ಮುಂದೆ ಕೂತಷ್ಟು ಹೊತ್ತನ್ನೂ ಅದು ಲೆಕ್ಕ ಹಾಕುವಂತೆ ಏನೋ ಮಾಡಿದ್ದಳು. ಹೇಗೆಂದು ಕೇಳುವ ಧೈರ್ಯ ನನಗಾಗಲಿಲ್ಲ. ಅಮ್ಮ ಮೀನಿನೊಂದಿಗೆ ಕಳೆದದ್ದು, ಆ ಆಟದೊಳಗಿನ ಲೆಕ್ಕದಂತೆ, ಮೂವತ್ತೊಂದು ಗಂಟೆ. ಚೈತ್ರ ಎಲ್ಲ ಆಟ ಸೇರಿ ಇಪ್ಪತ್ತೆರಡು. ಸರೋಜ ಒಂಬತ್ತು. ನನ್ನ ಫೋಟೊದ ಕೆಳಗೆ ನೂರ ಇಪ್ಪತ್ತೇಳು ಎಂದಿತ್ತು.

"ಮನೇಲಿ ಎಲ್ಲರಿಗಿಂತ ಜಾಸ್ತಿ ಆಟ ಆಡೋರು ನೀವೇ ಕಣ್ರೀ" ಎಂದಳು ಸರೋಜ. "ಇದನ್ನೂ ಹೇಳ್ಕೊಳ್ಳಿ ಇನ್ಮೇಲೆ ನೆಂಟರ ಮುಂದೆ." ಅಮ್ಮ ಬಗ್ಗಿ ನನ್ನ ಫೋಟೊ ನೋಡಿ, "ಇವ್ನಿಗೂ ಒಸಿ ಮೇವಾಕ್ರಮ್ಮ, ಸೊರಗವ್ನೆ" ಎಂದಳು.

ಎಲ್ಲರೂ ನಗುತ್ತ ಎದ್ದು ಹೋದರು. ನಾನು ಮಾತ್ರ ಅಲ್ಲೇ ನಿಂತಿದ್ದೆ. ನಾಚಿಕೆಯಿಂದ ಎಂದುಕೊಳ್ಳಬೇಡಿ. ಬೇರೆ ಎಲ್ಲ ಚಿತ್ರಗಳೂ ಉದ್ದಕ್ಕಿದ್ದವು. ನನ್ನ ಫೋಟೊ ಮಾತ್ರ ಅಡ್ಡಕ್ಕಿತ್ತು, ಪೆನ್ಸಿಲ್ಲಿನ ತುದಿ ಬೇರೆ ಕತ್ತರಿಸಿಹೋಗಿತ್ತು. ಹಾಗೆ ಬಿಡುವುದು ಹೇಗೆ? ಸುತ್ತ ಯಾರೂ ಇಲ್ಲವೆಂದು ನೋಡಿ, ಕುರ್ಚಿ ಎಳೆದುಕೊಂಡು, ಅದನ್ನು ಸರಿಮಾಡಲು ಕುಳಿತೆ. ಸರೋಜ ಊಟಕ್ಕೆ ಮೂರನೆಯ ಸಲ ಕರೆದಾಗ ನನ್ನ ಫೋಟೊದ ಕೆಳಗೆ ನೂರ ಇಪ್ಪತ್ತೊಂಬತ್ತು ಎಂದಿತ್ತು.